ಬೆನ್ನಿಗೊಂದು ಸೂಜಿ, ಅಷ್ಟೇ

ಮೊದಲನೇ ದಿನವೇ ಅವರು ರಸ್ತೆ ನೋಡಲಿಲ್ಲ. ನನ್ನ ಕತ್ತು ನೋಡಿದರು.

"ಡಾಕ್ಟ್ರೇ, ರಸ್ತೆ ಮುಂದಿದೆ," ಅಂದೆ.

"ಹಾಂ, ಹಾಂ," ಅಂದು ಸ್ಟೀರಿಂಗ್ ಗಟ್ಟಿಯಾಗಿ ಹಿಡಿದರು. ಎರಡು ಕ್ಷಣ ಅಷ್ಟೇ. ಮತ್ತೆ ಕಣ್ಣು ಪಕ್ಕಕ್ಕೆ ಜಾರಿತು. ನನ್ನ ದವಡೆ, ಅಲ್ಲಿಂದ ಗಂಟಲು. ಗಾಡಿ ಎರಡು ಸಲ ಮುಗ್ಗರಿಸಿ ಸಿಗ್ನಲ್ಲಿನಲ್ಲಿ ನಿಂತುಹೋಯಿತು. ಹಿಂದಿನವರೆಲ್ಲ ಹಾರನ್ ಶುರುಮಾಡಿದರು.

ಜನ ನನ್ನನ್ನು ನೋಡುವುದು ನನಗೆ ಹೊಸದಲ್ಲ. ಹುಟ್ಟಿದಾಗಲೇ ಮೈಮೇಲೆ ಹಾಲು ಹೆಚ್ಚಾದ ಕಾಫಿ ಬಣ್ಣದ ಮಚ್ಚೆಗಳಿದ್ದವಂತೆ. ಹನ್ನೆರಡಕ್ಕೆ ಮೊಣಕೈ ಹತ್ತಿರ ಮೊದಲ ಗಂಟು ಎದ್ದಿತು. ಈಗ ನನಗೆ ನಲವತ್ಮೂರು. ಬಟಾಣಿಯಷ್ಟು, ದ್ರಾಕ್ಷಿಯಷ್ಟು, ಹಣೆಯ ಮೇಲೆ, ಕತ್ತಿನ ಸುತ್ತ, ಎರಡೂ ತೋಳಿನ ಉದ್ದಕ್ಕೆ. ಎಣಿಸುವುದನ್ನು ಯಾವತ್ತೋ ಬಿಟ್ಟೆ. ನ್ಯೂರೋಫೈಬ್ರೊಮಾಟೋಸಿಸ್ ಅಂತ ಒಂದು ಉದ್ದದ ಹೆಸರಿದೆ ಇದಕ್ಕೆ. ನರಗಳ ಮೇಲೆ ಬೆಳೆಯುವ ಗಂಟುಗಳು. ಯಾರಿಗೂ ಅಂಟುವುದಿಲ್ಲ, ಯಾವ ಮುಲಾಮಿಗೂ ಬಗ್ಗುವುದಿಲ್ಲ.

ಡ್ರೈವಿಂಗ್ ಸ್ಕೂಲ್ ನನ್ನದೇ. ಒಂದು ಹಳೇ ಕಾರು, ಎರಡು ಬ್ರೇಕು, ಒಬ್ಬಳೇ ಟೀಚರ್. ಕಲಿಯಲು ಬರುವವರಲ್ಲಿ ಕೆಲವರು ಒಮ್ಮೆ ನೋಡಿ ಆಮೇಲೆ ಕೋರ್ಸ್ ಮುಗಿಯುವವರೆಗೂ ಕಿಟಕಿ ಕಡೆಗೇ ಮುಖ ಮಾಡುತ್ತಾರೆ. ಕೆಲವರು ಗೇರ್ ಹಿಡಿಯುವ ಮುಂಚೆ ಕರವಸ್ತ್ರದಲ್ಲಿ ಒರೆಸುತ್ತಾರೆ. ಅಂಥವರಿಗೆ ನಾನು ಮೊದಲ ದಿನವೇ ಏರುರಸ್ತೆ ಹತ್ತಿಸುತ್ತೇನೆ. ಬೆವರು ಒರೆಸಿಕೊಳ್ಳುವುದಕ್ಕೂ ಅದೇ ಕರವಸ್ತ್ರ ಬೇಕಾಗುತ್ತದೆ.

ಈ ಮನುಷ್ಯ ಎರಡರಲ್ಲೂ ಸೇರಲಿಲ್ಲ. ಬಟ್ಟೆ ಅಂಗಡಿಯಲ್ಲಿ ನೇಯ್ಗೆ ನೋಡುವವರ ಹಾಗೆ ಹತ್ತಿರದಿಂದ ನೋಡುತ್ತಿದ್ದರು.

"ಅಂಟಲ್ಲ," ಅಂದೆ, ಕಡ್ಡಿ ಮುರಿದ ಹಾಗೆ.

"ಗೊತ್ತು," ಅಂದರು. "ಕ್ಷಮಿಸಿ. ಅಭ್ಯಾಸ ಅದು. ನಾನು ಅನಸ್ತೇಶಿಯಾ ಡಾಕ್ಟರು, ಆಪರೇಷನ್ನಿಗೆ ಮುಂಚೆ ನಿದ್ದೆ ಬರಿಸೋನು. ಯಾರನ್ನ ನೋಡಿದ್ರೂ ಮೊದಲು ದವಡೆ, ಕತ್ತು ನೋಡ್ತೀನಿ. ನಿದ್ದೆ ಬರಿಸಿದ ಮೇಲೆ ಇವರ ಗಂಟಲಿಗೆ ಉಸಿರಿನ ಟ್ಯೂಬ್ ಇಳಿಯುತ್ತೋ ಇಲ್ವೋ ಅಂತ. ಅಲ್ಲಿ ನೋಡಿ, ಬಸ್ ಸ್ಟಾಪಲ್ಲಿ ನಿಂತಿದಾರಲ್ಲ, ಕತ್ತೇ ಇಲ್ಲದವರು? ಅವರಿಗೆ ಭುಜದ ಕೆಳಗೆ ಎರಡು ದಿಂಬು ಬೇಕು."

ಹಾರನ್ನು ಜೋರಾಯಿತು.

"ಹಿಂದಿನವರು ಬಂದು ನಿಮ್ಮ ಕತ್ತು ಹಿಡಿಯೋ ಮುಂಚೆ ಗಾಡಿ ಸ್ಟಾರ್ಟ್ ಮಾಡಿ," ಅಂದೆ. ನಗು ಬಂತು, ಆದರೆ ತೋರಿಸಲಿಲ್ಲ. ನೋಡಿದವರನ್ನು ಅಷ್ಟು ಬೇಗ ಕ್ಷಮಿಸುವ ರೂಢಿ ನನಗಿಲ್ಲ.

ನಲವತ್ತೊಂಬತ್ತನೇ ವಯಸ್ಸಿಗೆ ಕಾರು ಕಲಿಯುವುದು ಯಾಕೆ ಅಂತ ಎರಡನೇ ವಾರ ಕೇಳಿದೆ.

"ನಮ್ಮನೇಲಿ ಹೆಂಡತಿ ಓಡಿಸ್ತಿದ್ದಳು. ಆರು ವರ್ಷದ ಹಿಂದೆ ಡೈವೋರ್ಸ್ ಆಯ್ತು. ಕಾರು, ಡ್ರೈವರು ಎರಡೂ ಒಟ್ಟಿಗೇ ಹೋದವು."

"ಆರು ವರ್ಷ ಏನು ಮಾಡಿದ್ರಿ?"

"ಬಸ್ಸಲ್ಲಿ ಜನರ ದವಡೆ ನೋಡಿದೆ."

ಈ ಸಲ ನಗು ಮುಚ್ಚಿಡಲು ಆಗಲಿಲ್ಲ.

ಮಂಗಳವಾರ, ಶುಕ್ರವಾರ, ಬೆಳಿಗ್ಗೆ ಏಳು ಗಂಟೆ. ಅವರ ಎಡಗಾಲು, ಬಲಗಾಲು ಒಂದರ ಮಾತು ಒಂದು ಕೇಳುತ್ತಿರಲಿಲ್ಲ. ಎತ್ತು ಏರಿಗೆ, ಕೋಣ ನೀರಿಗೆ. ಆದರೆ ಹೊರಡುವ ಮುಂಚಿನ ತಯಾರಿ ನೋಡಬೇಕು! ಸೀಟು, ಬೆಲ್ಟು, ಕನ್ನಡಿ, ಮತ್ತೆ ಬೆಲ್ಟು. ಒಂದೊಂದನ್ನೂ ಬಾಯಿಬಿಟ್ಟು ಹೇಳಿಕೊಂಡು, ಮುಟ್ಟಿ ನೋಡಿ.

"ಮಾರ್ಕೆಟ್ಟಿಗೆ ಹೋಗಿ ಬರೋಕೆ ಇಷ್ಟು ಪೂಜೆ ಯಾಕೆ ಸಾರ್?"

"ನಿದ್ದೆ ಬರಿಸೋದು ಯಾರಿಗೆ ಬೇಕಾದ್ರೂ ಬರುತ್ತೆ ಟೀಚರ್. ಅದಕ್ಕೆ ಮುಂಚೆ ಏನೇನು ಕೇಳಿದ್ವಿ ಅನ್ನೋದೇ ನಮ್ಮ ಕೆಲಸ."

ಅವರ ಕೈಗಳು ಚೆನ್ನಾಗಿದ್ದವು. ಉಗುರು ಮೋಟಾಗಿ ಕತ್ತರಿಸಿದ, ಸೋಪಿನಲ್ಲಿ ತೊಳೆದೂ ತೊಳೆದೂ ಒಣಗಿದ ಕೈಗಳು. ಗೇರ್ ಬದಲಿಸುವಾಗ ಅವರ ಕೈ ಮೇಲೆ ನನ್ನ ಕೈ ಇಟ್ಟು ಮೂರನೇ ಗೇರಿನ ದಾರಿ ತೋರಿಸಬೇಕಾಗುತ್ತಿತ್ತು. ನನ್ನ ಬೆರಳ ಗೆಣ್ಣಿನ ಮೇಲೂ ಗಂಟುಗಳಿವೆ. ಎಷ್ಟೋ ಕೈಗಳು ನನ್ನ ಕೈ ಕೆಳಗೆ ಬಸವನಹುಳುವಿನ ಹಾಗೆ ಒಳಕ್ಕೆ ಎಳೆದುಕೊಂಡಿವೆ. ಈ ಕೈ ಎಳೆದುಕೊಳ್ಳಲಿಲ್ಲ. ಸುಮ್ಮನೆ, ಭಾರ ಬಿಟ್ಟು, ನನ್ನ ಕೈ ಕೆಳಗೆ ಕೂತಿತ್ತು. ಮೂರನೇ ಗೇರು ಬಿದ್ದ ಮೇಲೂ ನಾನು ಒಂದು ಕ್ಷಣ ತಡವಾಗಿ ಕೈ ತೆಗೆದೆ. ಅವರು ರಸ್ತೆಯನ್ನೇ ನೋಡುತ್ತಿದ್ದರು. ಕಿವಿ ಮಾತ್ರ ಕೆಂಪಾಗಿತ್ತು.

ಮೊದಲ ಟೆಸ್ಟಿನಲ್ಲಿ ಫೇಲಾದರು. ಎರಡನೆಯದರಲ್ಲೂ ಫೇಲಾದರು, ರಿವರ್ಸಿನಲ್ಲಿ, ಅದೂ ಕಣ್ಣು ಕಟ್ಟಿದರೂ ಮಾಡುವಷ್ಟು ನಾನು ತಿದ್ದಿ ಕಲಿಸಿದ್ದ ರಿವರ್ಸಿನಲ್ಲಿ. ಇನ್ನೊಂದು ಕೋರ್ಸಿಗೆ ಸೇರಿಕೊಂಡರು. ಐದು ತಿಂಗಳಾಯಿತು. ಮಂಗಳವಾರ ಬೆಳಿಗ್ಗೆ ಬಾಚಣಿಗೆ ಹಿಡಿದು ಕನ್ನಡಿ ಮುಂದೆ ನಾನು ನಿಲ್ಲುವ ಹೊತ್ತು ಹೆಚ್ಚಾಯಿತು.

ಅಕ್ಕ ಗಮನಿಸಿದಳು. ನನ್ನ ಜೊತೆ ಇರುವುದು ಅವಳೊಬ್ಬಳೇ. ಬಟ್ಟೆ ಹೊಲಿಯುತ್ತಾಳೆ. ಊರಿಗೆಲ್ಲ ಬಗೆಬಗೆಯ ಅಂಗಿ ಹೊಲಿದರೂ ನನಗೆ ಮಾತ್ರ ಇಪ್ಪತ್ತು ವರ್ಷದಿಂದ ಒಂದೇ ಅಳತೆ: ಮಣಿಕಟ್ಟಿನವರೆಗೆ ತೋಳು, ಗಂಟಲವರೆಗೆ ಕಾಲರು. ಪ್ರೀತಿಯಿಂದಲೇ ಹೊಲಿಯುತ್ತಾಳೆ. ಅವನ್ನೆಲ್ಲ ನಾನು ಪ್ರೀತಿಯಿಂದಲೇ ಮಡಿಸಿಟ್ಟು, ಅರ್ಧ ತೋಳಿನದು ಹಾಕಿಕೊಂಡು ಹೊರಡುತ್ತೇನೆ.

ಇಪ್ಪತ್ನಾಲ್ಕಕ್ಕೆ ನನಗೊಂದು ಮದುವೆಯ ಮಾತು ನಡೆದಿತ್ತು. ಹುಡುಗನ ತಾಯಿ ಮಾತಾಡುತ್ತಾ ಮಾತಾಡುತ್ತಾ ನನ್ನ ತೋಳನ್ನು ಮೇಲಕ್ಕೆ ಸರಿಸಿ ನೋಡಿದರು, ತರಕಾರಿ ಆರಿಸುವ ಹಾಗೆ. ಮಕ್ಕಳಿಗೂ ಬರಬಹುದಂತಲ್ಲ ಅಂದರು. ಬರಬಹುದು, ಅರ್ಧಕ್ಕರ್ಧ ಸಾಧ್ಯತೆ ಅಂತ ನಾನೇ ಹೇಳಿದೆ. ಕಪ್ಪಿನಲ್ಲಿದ್ದ ಚಹಾ ಹಾಗೇ ಬಿಟ್ಟು ಎದ್ದು ಹೋದರು. ಆ ದಿನ ನಾನು ಅಳಲಿಲ್ಲ. ಅತ್ತದ್ದು ಅಕ್ಕ. ಆಮೇಲೆ ಹೊಲಿಗೆ ಯಂತ್ರದ ಮುಂದೆ ಕೂತು ಮೊದಲ ಉದ್ದ ತೋಳಿನ ಅಂಗಿ ಹೊಲಿದಳು.

"ಆ ಡಾಕ್ಟರ ಬಗ್ಗೆ ತಲೆ ಕೆಡಿಸ್ಕೋಬೇಡ ಕಣೇ," ಅಂದಳು ಈಗ, ಸೂಜಿಗೆ ದಾರ ಪೋಣಿಸುತ್ತಾ. "ಡಾಕ್ಟರ ಕಣ್ಣಿಗೆ ನಿನ್ನ ಮೈ ಒಂದು ಪಾಠ ಇದ್ದ ಹಾಗೆ. ಓದಿ ಮುಗಿದ್ಮೇಲೆ ಪುಸ್ತಕ ಮುಚ್ಚಿಡ್ತಾರೆ."

ಎರಡು ವರ್ಷದಿಂದ ನನ್ನ ಹೊಟ್ಟೆಯೊಳಗೆ ಬೇರೆಯದೇ ಒಂದು ರಗಳೆ ನಡೆದಿತ್ತು. ಗರ್ಭಕೋಶದಲ್ಲಿ ಗೆಡ್ಡೆ. ತಿಂಗಳಲ್ಲಿ ಹದಿನೈದು ದಿನ ರಕ್ತ ಹೋಗುತ್ತಿತ್ತು. ಗರ್ಭಕೋಶ ತೆಗೆಯಬೇಕು ಅಂತ ನಮ್ಮ ಮನೆ ಹತ್ತಿರದ ನರ್ಸಿಂಗ್ ಹೋಮಿನಲ್ಲಿ ದಿನ ಕೊಟ್ಟಿದ್ದರು.

ಶುಕ್ರವಾರದ ಕ್ಲಾಸಿನಲ್ಲಿ ಹೇಳಿದೆ. "ಮುಂದಿನ ತಿಂಗಳು ಕ್ಲಾಸಿಲ್ಲ ಸಾರ್. ಒಂದು ಆಪರೇಷನ್ ಇದೆ."

"ಏನು?"

"ಹೆಂಗಸರದ್ದು. ಬೆನ್ನಿಗೊಂದು ಸೂಜಿ, ಅಷ್ಟೇ, ಏನೂ ಗೊತ್ತಾಗಲ್ಲ ಅಂದ್ರು."

ಅವರು ಇಂಡಿಕೇಟರ್ ಹಾಕಿದರು. ಕನ್ನಡಿ ನೋಡಿದರು. ಐದು ತಿಂಗಳಲ್ಲಿ ಮೊಟ್ಟಮೊದಲ ಸಲ, ನನ್ನ ಕಾಲಿನ ಸಹಾಯ ಇಲ್ಲದೆ, ಎರಡು ಕಾರುಗಳ ನಡುವೆ ಗೆರೆ ಎಳೆದ ಹಾಗೆ ಪಾರ್ಕ್ ಮಾಡಿದರು.

"ಬೆನ್ನಿನ ಎಂಆರ್‌ಐ ಮಾಡಿಸಿದ್ರಾ?"

"ಆಪರೇಷನ್ ಹೊಟ್ಟೇದು."

"ಸೂಜಿ ಬೆನ್ನಿಗೆ ತಾನೆ? ಹೊರಗೆ ಇರೋ ಗಂಟು ಒಳಗೂ ಇರಬಹುದು, ಬೆನ್ನುಮೂಳೆ ಪಕ್ಕದ ನರದ ಮೇಲೆ. ನೋಡದೆ ಸೂಜಿ ಹಾಕಬಾರದು. ಬಿಪಿ ಎಷ್ಟಿರುತ್ತೆ? ತಲೆನೋವು, ಬೆವರು, ಎದೆಬಡಿತ ಒಟ್ಟಿಗೆ ಬರುತ್ತಾ? ಒಂದು ದಿನದ ಯೂರಿನ್ ಟೆಸ್ಟಿಗೆ ಕೊಟ್ರಾ? ನಾಲಿಗೆ ಹಿಂದೆ ಯಾರಾದ್ರೂ ನೋಡಿದಾರಾ? ಮೊದಲನೇ ದಿನದಿಂದ ನಿಮ್ಮ ದನಿ ಸ್ವಲ್ಪ..."

"ಸಾಕು."

ನನ್ನ ದನಿ ನನಗೇ ಗೊಗ್ಗರಾಗಿ ಕೇಳಿಸಿತು. ಮೊದಲನೇ ದಿನದಿಂದ! ಕನ್ನಡಿ ಮುಂದೆ ನಿಂತದ್ದು, ಮೂರನೇ ಗೇರು, ಕೆಂಪಾದ ಕಿವಿ, ಎಲ್ಲದರ ಮೇಲೂ ಯಾರೋ ತಣ್ಣೀರು ಸುರಿದ ಹಾಗಾಯಿತು.

"ಐದು ತಿಂಗಳಿಂದ ನನ್ನ ಪಕ್ಕ ಕೂತಿದ್ದು ಇದಕ್ಕಾ? ಕೇಸ್ ಸ್ಟಡಿ ಮಾಡೋಕಾ?"

"ಅಲ್ಲ ರೀ..."

"ಇಳೀರಿ."

"ಆಂ?"

"ಇದು ನನ್ನ ಕಾರು. ಇಳೀರಿ."

ಇಳಿದರು. ನಾನು ಆ ಕಡೆ ಸರಿದು ಸ್ಟೀರಿಂಗ್ ಹಿಡಿದೆ. ಅವರು ಫುಟ್‌ಪಾತಿನ ಮೇಲೆ, ಬಿಸಿಲಲ್ಲಿ, ಬಾಗಿ ಕಿಟಕಿಗೆ ಮುಖ ತಂದರು.

"ನನ್ನ ಜೊತೆ ಮಾತು ಬಿಡಿ. ಆದರೆ ಅಲ್ಲಿ ಒಂದೇ ಒಂದು ಪ್ರಶ್ನೆ ಕೇಳಿ. ನನ್ನ ಬೆನ್ನೊಳಗೆ ಏನಿದೆ ಅಂತ ಯಾರಾದ್ರೂ ನೋಡಿದೀರಾ, ಅಂತ. ಅಷ್ಟೇ."

ಕಿಟಕಿ ಏರಿಸಿದೆ.

ಸಿಟ್ಟಿಗೆ ಕಿವಿ ಇರುವುದಿಲ್ಲ ಅನ್ನುತ್ತಾರೆ. ನನ್ನ ಸಿಟ್ಟಿಗೆ ಇತ್ತು. ಮೂರು ದಿನ ಆ ಪ್ರಶ್ನೆ ಒಳಗೆ ಕುಟುಕುತ್ತಲೇ ಇತ್ತು. ನಾಲ್ಕನೇ ದಿನ ಅಕ್ಕನ ಜೊತೆ ನರ್ಸಿಂಗ್ ಹೋಮಿಗೆ ಹೋಗಿ ಕೇಳಿಯೇಬಿಟ್ಟೆ.

ಸರ್ಜನ್ ತಲೆ ಎತ್ತಲಿಲ್ಲ. "ಇಪ್ಪತ್ತು ವರ್ಷದಿಂದ ಇದೇ ಸೂಜಿ ಹಾಕಿಸ್ತಿದೀವಮ್ಮ."

"ಬೇರೆಯವರ ಬೆನ್ನಿಗೆ. ನನ್ನ ಬೆನ್ನಿಗಲ್ಲ."

"ಇಂಟರ್ನೆಟ್ಟಲ್ಲಿ ಓದ್ಕೊಂಡು ಬಂದ್ರಾ? ನೋಡಿ, ನಿಮಗೆ ಗಂಡ, ಮಕ್ಕಳು ಅಂತೇನೂ ಇಲ್ಲ, ಇನ್ನು ಆಗೋದೂ ಇಲ್ಲ. ಬೇಡದ ವಸ್ತು ತೆಗೆಸೋಕೆ ಇಷ್ಟು ಯೋಚನೆ ಯಾಕೆ?"

ಅಕ್ಕ ತಲೆ ತಗ್ಗಿಸಿದಳು. ನಾನು ಮೇಜಿನ ಮೇಲಿದ್ದ ನನ್ನ ಫೈಲು ಎತ್ತಿಕೊಂಡೆ.

"ತೆಗೆಸೋದು ನಾನು ಡಾಕ್ಟ್ರೇ. ಬೇಕೋ ಬೇಡವೋ ಅಂತ ಹೇಳೋದೂ ನಾನೇ. ನೀವು ಕತ್ತರಿಸೋ ಕೆಲಸಕ್ಕಿರೋರು. ನನ್ನ ಬಾಳು ಅಳೆಯೋಕಲ್ಲ. ಏಳು ಅಕ್ಕಾ."

"ಲೇ, ಡೇಟ್ ಹೋಗುತ್ತೆ ಕಣೇ," ಅಂತ ಅಕ್ಕ ಮೆಟ್ಟಿಲವರೆಗೂ ಪಿಸುಗುಟ್ಟುತ್ತಾ ಬಂದಳು.

"ಹೋಗ್ಲಿ. ನಾನಿರ್ತೀನಲ್ಲ."

ಎಂಆರ್‌ಐ ಮಾಡಿಸಿದೆ. ರಿಪೋರ್ಟು ಕೊಟ್ಟವರು ಬೆರಳಿಟ್ಟು ತೋರಿಸಿದರು. ಸೊಂಟದ ಹತ್ತಿರ, ಬೆನ್ನುಮೂಳೆಯ ಕೊಳವೆಯೊಳಗೆ, ನರಗಳಿಗೆ ಅಂಟಿಕೊಂಡು ಎರಡು ಗಂಟು. ಸೂಜಿ ಹೋಗಬೇಕಿದ್ದದ್ದು ಸರಿಯಾಗಿ ಅಲ್ಲಿಗೇ. ಫಿಲ್ಮನ್ನು ಕಾರಿನ ಕಿಟಕಿಗೆ ಹಿಡಿದು ಬಹಳ ಹೊತ್ತು ನೋಡಿದೆ. ಹೊರಗಿನದನ್ನೆಲ್ಲ ಜಗತ್ತಿಗೆ ತೋರಿಸಿಕೊಂಡು ಓಡಾಡಿದವಳು ನಾನು. ನನಗೂ ಕಾಣದ್ದು ಇಷ್ಟು ದಿನ ಒಳಗೆ ಕೂತಿತ್ತು. ಆ ಮನುಷ್ಯ ಹೇಳಿದ್ದು ಸರಿಯಾಗಿತ್ತು ಅನ್ನುವುದಕ್ಕೆ ಸಿಟ್ಟೂ ಬಂತು.

ಅವರು ಕೆಲಸ ಮಾಡುವ ಆಸ್ಪತ್ರೆಗೇ ಹೋದೆ. ದೊಡ್ಡದು. ಆಪರೇಷನ್ನಿಗೆ ಮುಂಚೆ ಅನಸ್ತೇಶಿಯಾದವರು ತಪಾಸಣೆ ಮಾಡುವ ಕೋಣೆಗಳೇ ಬೇರೆ ಇದ್ದವು. ಅಲ್ಲಿನ ಸರ್ಜನ್ನಿಗೆ ತೋರಿಸಿ, ಟೋಕನ್ ತೆಗೆದುಕೊಂಡು, ಎಲ್ಲರ ಹಾಗೆ ಸಾಲಿನಲ್ಲಿ ಕೂತೆ. ನನ್ನ ನಂಬರು ಬಂದಾಗ ಒಳಗಿದ್ದದ್ದು ಅವರೇ.

ಎದ್ದು ನಿಂತರು. ಮತ್ತೆ ಕೂತರು. ನಾನು ಫಿಲ್ಮು ಮೇಜಿನ ಮೇಲಿಟ್ಟೆ.

"ನೀವು ಗೆದ್ರಿ," ಅಂದೆ.

"ನಾನು ಸೋಲಬೇಕಿತ್ತು," ಅಂದರು, ಬೆಳಕಿಗೆ ಹಿಡಿದು ನೋಡುತ್ತಾ. ಮುಖ ಸಣ್ಣಗಾಯಿತು. "ಬೆನ್ನಿಗೆ ಬೇಡ. ಪೂರ್ತಿ ನಿದ್ದೆ ಬರಿಸಬೇಕಾಗುತ್ತೆ. ಅದಕ್ಕೆ ಗಂಟಲು ನೋಡಬೇಕು. ಬಾಯಿ ತೆಗೀರಿ. ನಾಲಿಗೆ ಹೊರಗೆ ಚಾಚಿ."

ಅಷ್ಟು ಹತ್ತಿರದಿಂದ ಅವರನ್ನು ನಾನು ನೋಡಿರಲಿಲ್ಲ. ಕಾರಿನಲ್ಲಿ ಯಾವಾಗಲೂ ಪಕ್ಕಪಕ್ಕ. ಎದುರುಬದುರು ಇದೇ ಮೊದಲು. ಹುಬ್ಬಿನಲ್ಲಿ ಒಂದೇ ಒಂದು ಬಿಳಿ ಕೂದಲು. ಮಂಗಳವಾರ, ಶುಕ್ರವಾರ ನಾನು ಪಕ್ಕದಿಂದ ಕದ್ದು ನೋಡುತ್ತಿದ್ದ ಕಣ್ಣು ಈಗ ನೇರವಾಗಿ ನನ್ನ ಮೇಲಿತ್ತು. ಟಾರ್ಚಿನ ಬೆಳಕು ನನ್ನ ಬಾಯೊಳಗೆ ಬಿತ್ತು. ಕೆಳಗೆ ಸರಿಯಿತು. ಆಮೇಲೆ ಅಲುಗಾಡತೊಡಗಿತು.

ಅವರು ಟಾರ್ಚ್ ಆರಿಸಿದರು. ಕುರ್ಚಿ ಹಿಂದಕ್ಕೆ ತಳ್ಳಿ ಎದ್ದರು. ಪಕ್ಕದ ಬಾಗಿಲು ತೆರೆದು, "ಮೇಡಂ, ಈ ಪೇಶಂಟ್‌ನ ನೀವು ನೋಡಿ. ನನ್ನಿಂದ ಆಗಲ್ಲ," ಅಂದು ಹೊರಗೆ ಹೋಗಿಯೇಬಿಟ್ಟರು.

ನಾನು ನಾಲಿಗೆ ಒಳಗೆ ಎಳೆದುಕೊಂಡೆ. ಬಾಯಿ ಮುಚ್ಚಿದೆ. ಹುಡುಗನ ತಾಯಿ ಬಿಟ್ಟುಹೋದ ಆ ಚಹಾದ ಕಪ್ಪು ಕಣ್ಣ ಮುಂದೆ ಬಂತು.

ಬಂದ ಮೇಡಂಗೆ ಅರವತ್ತು ಇರಬಹುದು. ವಿಭಾಗಕ್ಕೆಲ್ಲ ಹಿರಿಯರಂತೆ. ಕುಳ್ಳಗೆ, ಕನ್ನಡಕ ತಲೆ ಮೇಲೆ. ನನ್ನ ಬಾಯೊಳಗೆ ನೋಡಿದರು, ಕತ್ತು ಹಿಂದಕ್ಕೆ ಬಾಗಿಸಿದರು, ಮೂರು ಬೆರಳು ಹಲ್ಲಿನ ನಡುವೆ ಇಟ್ಟು ಅಳೆದರು.

"ನಾಲಿಗೆ ಬುಡದಲ್ಲಿ ಒಂದು ಗಂಟು ಕೂತಿದೆ. ದನಿ ದಪ್ಪ ಆಗಿರೋದು ಅದಕ್ಕೇ. ನಿದ್ದೆ ಬರಿಸಿದ ಮೇಲೆ ಟ್ಯೂಬ್ ಹಾಕೋಕೆ ಹೋದರೆ ಅದು ಉಸಿರಿನ ದಾರಿಗೆ ಅಡ್ಡ ಬೀಳಬಹುದು. ಅದಕ್ಕೆ ಮೊದಲು ಗಂಟಲು ಮರಗಟ್ಟಿಸಿ, ನೀವು ಎಚ್ಚರ ಇರುವಾಗಲೇ, ಮೂಗಿನಿಂದ ಒಂದು ಸಣ್ಣ ಕ್ಯಾಮೆರಾ ಬಿಟ್ಟು ಅದರ ಮೇಲೆ ಟ್ಯೂಬ್ ಇಳಿಸ್ತೀನಿ. ಆಮೇಲೆ ನಿದ್ದೆ. ಹೆದರ್ತೀರಾ?"

"ಹೆದರಿದ್ದು ನಾನಲ್ಲ. ಬಾಗಿಲು ತೆಗೆದುಕೊಂಡು ಓಡಿಹೋದ್ರಲ್ಲ, ಅವರು."

ಮೇಡಂ ಕನ್ನಡಕ ತಲೆಯಿಂದ ಮೂಗಿಗೆ ಇಳಿಸಿದರು. ನನ್ನನ್ನು ಹೊಸದಾಗಿ ನೋಡಿದರು.

"ಓಹೋ. ಡ್ರೈವಿಂಗ್ ಟೀಚರ್ರಾ?"

"ಹೇಗೆ ಗೊತ್ತು?"

"ಐದು ತಿಂಗಳಿಂದ ಇಲ್ಲಿ ಯಾರಿಗೂ ಬೇರೆ ಸುದ್ದಿ ಕೇಳೋ ಪುಣ್ಯ ಇಲ್ಲಮ್ಮ. ಟೀಚರ್ ಹೀಗಂದ್ರು, ಟೀಚರ್ ಹಾಗಂದ್ರು. ನಮ್ಮ ಕೆಲಸದಲ್ಲಿ ಒಂದು ಪದ್ಧತಿ ಇದೆ. ನಮ್ಮವರಿಗೆ ನಾವು ಸೂಜಿ ಹಾಕೋದಿಲ್ಲ. ತಂದೆ ತಾಯಿ, ಹೆಂಡತಿ ಮಕ್ಕಳು, ಅಂಥವರಿಗೆ. ಕೈ ನಂಬೋಕಾಗಲ್ಲ. ಈ ಮನುಷ್ಯ ಇಪ್ಪತ್ತೆರಡು ವರ್ಷದಲ್ಲಿ ಒಂದೇ ಸಲ 'ನನ್ನಿಂದ ಆಗಲ್ಲ' ಅಂತ ಎದ್ದಿದ್ದು, ಅವರ ಅಮ್ಮನ ಆಪರೇಷನ್ ದಿನ." ಫೈಲಿನಲ್ಲಿ ಏನೋ ಬರೆದುಕೊಂಡು ಸೇರಿಸಿದರು, "ಇವತ್ತು ಎರಡನೇ ಸಲ."

ನಾನು ಅವರು ಹೋದ ಬಾಗಿಲ ಕಡೆ ತಿರುಗಿದೆ.

"ಇಲ್ಲಿ ನೋಡಿ," ಅಂದರು ಮೇಡಂ. "ಈಗ ನನ್ನ ಪ್ರಶ್ನೆ. ಕೆಲವರಿಗೆ ಈ ಕಾಯಿಲೆ ಜೊತೆ ಮೂತ್ರಪಿಂಡದ ಮೇಲಿರೋ ಗ್ರಂಥೀಲಿ ಒಂದು ಗಂಟಾಗುತ್ತೆ, ಅದು ಸುಮ್ಮನಿರಲ್ಲ, ಟೇಬಲ್ ಮೇಲೆ ಬಿಪಿನ ಆಕಾಶಕ್ಕೆ ಹಾರಿಸುತ್ತೆ. ಅದಿಲ್ಲ ಅಂತ ಖಾತ್ರಿ ಆಗೋವರೆಗೂ ನಾನು ನಿಮ್ಮನ್ನ ಮುಟ್ಟಲ್ಲ. ಇದ್ದಕ್ಕಿದ್ದ ಹಾಗೆ ಎದೆ ಡವಡವ ಅನ್ನುತ್ತಾ?"

"ಅನ್ನುತ್ತೆ."

"ಯಾವಾಗ?"

"ಮಂಗಳವಾರ, ಶುಕ್ರವಾರ. ಬೆಳಿಗ್ಗೆ ಏಳಕ್ಕೆ."

ಮೇಡಂ ಪೆನ್ನಿನ ತುದಿ ಕಚ್ಚಿದರು. "ಅದು ಯೂರಿನ್ ಟೆಸ್ಟಲ್ಲಿ ಬರಲ್ಲ. ಆದ್ರೂ ಮಾಡಿಸಿ. ಹೋಗಿ, ಕಾರಿಡಾರಲ್ಲಿ ಇರ್ತಾನೆ."

ಇದ್ದರು. ನೀರಿನ ಫಿಲ್ಟರ್ ಪಕ್ಕ, ಖಾಲಿ ಲೋಟ ಹಿಡಿದುಕೊಂಡು.

"ಮೇಡಂ ಏನೋ ಹೇಳಿದ್ರು," ಅಂದೆ. "ಅವರ ಬಾಯಲ್ಲಿ ಕೇಳಿದ್ದು ಸಾಲದು. ನೀವು ಹೇಳಿ."

"ಇಲ್ಲೇನಾ?"

"ನಾನು ಈಗ ನಿಮ್ಮ ಪೇಶಂಟಲ್ಲ. ಇದು ನಿಮ್ಮ ಕ್ಲಾಸೂ ಅಲ್ಲ. ಹೇಳಿ."

ಟ್ರಾಲಿ ತಳ್ಳಿಕೊಂಡು ಯಾರೋ ಹೋದರು. ಅದು ದಾಟುವವರೆಗೆ ಕಾದು ಹೇಳಿದರು, "ಮೊದಲನೇ ದಿನ ನಿಮ್ಮ ಕತ್ತು ನೋಡಿದ್ದು ಡಾಕ್ಟರು. ಸುಳ್ಳು ಹೇಳಲ್ಲ. ಎರಡನೇ ವಾರ ನೀವು ನಕ್ರಲ್ಲ, ಆವತ್ತಿಂದ ನೋಡಿದ್ದು ನಾನು. ನಿಮ್ಮ ಜೊತೆ ಇರಬೇಕು ಅನ್ನಿಸುತ್ತೆ. ವಾರಕ್ಕೆ ಎರಡು ದಿನ ಸಾಲ್ತಿಲ್ಲ."

ನನ್ನೊಳಗಿನ ಇಪ್ಪತ್ನಾಲ್ಕರ ಹುಡುಗಿ ಇನ್ನೂ ನಂಬಲಿಲ್ಲ. "ಪಾಪ ಅಂತಾನಾ?"

"ಪಾಪ ಅನ್ನಿಸೋರಿಗೆ ನಾನು ದಿನಾ ಸೂಜಿ ಹಾಕ್ತೀನಿ ರೀ. ಕೈ ಕಲ್ಲಿನ ಹಾಗಿರುತ್ತೆ." ಲೋಟ ಹಿಡಿದ ಕೈ ನನ್ನ ಮುಂದೆ ಚಾಚಿದರು. ಅದು ಈಗಲೂ ಸಣ್ಣಗೆ ಅದುರುತ್ತಿತ್ತು. "ನೋಡಿ ಇದನ್ನ."

ನೋಡಿದೆ. ನನ್ನ ಮೈಯನ್ನು ಕಂಡು ಹೇಸಿದವರ ಕೈ ಗೊತ್ತಿತ್ತು, ಕನಿಕರಪಟ್ಟವರ ಕೈ ಗೊತ್ತಿತ್ತು. ನನಗೇನಾದರೂ ಆದರೆ ಅಂತ ನಡುಗುವ ಕೈ, ಅಕ್ಕನದು ಬಿಟ್ಟರೆ, ನಾನು ಕಂಡಿದ್ದು ಅದೊಂದೇ.

"ಇನ್ನೊಂದು ಹೇಳಬೇಕು," ಅಂದರು ಮೆಲ್ಲಗೆ. "ಎರಡನೇ ಟೆಸ್ಟಲ್ಲಿ ಬೇಕಂತಲೇ ಫೇಲಾದೆ."

"ಏನು! ನನ್ನ ಸ್ಕೂಲಿನ ಮರ್ಯಾದೆ ಏನಾಗ್ಬೇಕು?"

"ತಪ್ಪಾಯ್ತು ಟೀಚರ್. ಉತ್ತರ ಈಗಲೇ ಬೇಡ. ಎಲ್ಲ ಮುಗೀಲಿ. ಹುಷಾರಾದ ಮೇಲೆ, ಯೋಚನೆ ಮಾಡಿ ಹೇಳಿ."

ಸರಿ ಅಂದೆ. ಜಾಣತನದ ಮಾತಾಗಿ ಕಂಡಿತ್ತು ಆಗ.

ಟೆಸ್ಟುಗಳು ಬಂದವು. ಮೂತ್ರಪಿಂಡದ ಮೇಲೆ ಏನೂ ಇರಲಿಲ್ಲ. ಕಾರಿಡಾರಿನ ಮಾತನ್ನು ಅಕ್ಕನಿಗೂ ಹೇಳಿದ್ದೆ. ಆಪರೇಷನ್ ಮುಂಚಿನ ದಿನ ಅಕ್ಕ ನನ್ನ ಚೀಲಕ್ಕೆ ಬಟ್ಟೆ ತುಂಬುತ್ತಾ ಹೇಳಿದಳು, "ಅವರಿಗೆ ಈಗೇನೂ ಹೇಳಬೇಡ. ಮೊದಲು ಈ ಕಷ್ಟ ಕಳೀಲಿ. ಹುಷಾರಾಗು. ಮೈ ಕೈ ತುಂಬಿಕೋ. ಆಮೇಲೆ ಅವರ ಮನಸ್ಸೂ ಹಾಗೇ ಇದ್ರೆ ನೋಡೋಣ."

ರಾತ್ರಿಯೆಲ್ಲ ಗಾಢವಾಗಿ ನಿದ್ದೆ ಮಾಡಿದೆ. ಅಕ್ಕನ ಮಾತು ಚುಚ್ಚಿದ್ದು ಬೆಳಿಗ್ಗೆ, ಥಿಯೇಟರ್ ಪಕ್ಕದ ತಯಾರಿ ಕೋಣೆಯಲ್ಲಿ.

ಮಂಚದ ಮೇಲೆ ಕೂತಿದ್ದೆ. ಕೈಗೆ ಡ್ರಿಪ್ಪು, ಬೆರಳಿಗೆ ಕ್ಲಿಪ್ಪು. ತಲೆ ಮೇಲೆ ಬಿಳಿ ದೀಪ. ಆಸ್ಪತ್ರೆಯ ಗೌನಿನಲ್ಲಿ ನನ್ನ ಎರಡೂ ತೋಳು, ಕಾಲು, ಅರ್ಧ ಬೆನ್ನು ಬಯಲಿಗಿತ್ತು. ಮೇಡಂ ಒಂದು ಮಾಸ್ಕ್ ಹಿಡಿದು ಬಂದರು.

"ಇದರಲ್ಲಿ ಹೊಗೆ ಥರ ಔಷಧಿ ಬರುತ್ತೆ. ಹದಿನೈದು ನಿಮಿಷ ಎಳ್ಕೊಳ್ಳಿ, ಗಂಟಲು ಮರಗಟ್ಟುತ್ತೆ. ಆಮೇಲೆ ಮಾತು ಸರಿಯಾಗಿ ಹೊರಡಲ್ಲ. ಏನಾದ್ರೂ ಹೇಳೋದಿದ್ರೆ ಈಗಲೇ ಹೇಳಿ."

ಹುಷಾರಾದ ಮೇಲೆ. ಆ ಮಾತು ಆಗ ನನ್ನನ್ನು ಹಿಡಿದು ನಿಲ್ಲಿಸಿತು. ಯಾವುದರಿಂದ ಹುಷಾರು? ಗರ್ಭಕೋಶ ಹೋಗುತ್ತದೆ, ರಕ್ತ ನಿಲ್ಲುತ್ತದೆ. ಈ ಗಂಟುಗಳು? ಇವೆಲ್ಲ ನಾಳೆಯೂ ಇಲ್ಲೇ ಇರುತ್ತವೆ, ಇನ್ನೆರಡು ಹೆಚ್ಚಾಗಿಯೂ ಇರಬಹುದು. ಬೇರೊಬ್ಬಳು ನುಣ್ಣಗೆ ಹೊರಗೆ ಬಂದು ನನ್ನ ಬದಲು ಉತ್ತರ ಕೊಡುವುದಿಲ್ಲ. ಹಾಗಿದ್ದ ಮೇಲೆ ನಾನು ಕಾಯುತ್ತಿರುವುದು ಯಾರಿಗಾಗಿ?

"ಮೇಡಂ, ಅವರನ್ನ ಕರೀರಿ."

"ಯಾರನ್ನ?"

"ನಿಮಗೆ ಗೊತ್ತು."

"ಅವನು ಇವತ್ತು ರಜೆ. ಹೊರಗಿನ ಬಟ್ಟೆಯಲ್ಲಿ ಹೊರಗೆ ಕೂತಿದಾನೆ. ಒಳಗೆ ಬಿಡೋ ಹಾಗಿಲ್ಲ."

"ಬಾಗಿಲವರೆಗೆ ಬರಲಿ. ಬರೋವರೆಗೂ ನಾನು ಈ ಮಾಸ್ಕ್ ಹಾಕ್ಕೊಳ್ಳಲ್ಲ."

ನರ್ಸ್ ಮೇಡಂ ಮುಖ ನೋಡಿದರು. ಮೇಡಂ ಗಡಿಯಾರ ನೋಡಿದರು.

"ಇಪ್ಪತ್ತು ಜನರಲ್ಲಿ ಒಬ್ಬರು ಟೇಬಲ್ ಹತ್ರ ಬಂದು ಹೆದರಿ ಹಟ ಮಾಡ್ತಾರೆ," ಅಂದರು. "ಈಯಮ್ಮ ಹೆದರದೆ ಹಟ ಮಾಡ್ತಿದಾರೆ. ಕರೀರಿ ಅವನ್ನ."

ಹೊರಗಿನ ಕಥೆ ಅಕ್ಕ ನನಗೆ ಆಮೇಲೆ ಹೇಳಿದ್ದು. ಬೆಳಿಗ್ಗೆಯಿಂದ ಅವಳ ಪಕ್ಕದ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತಿದ್ದರಂತೆ. ದಾರಿಯಲ್ಲಿ ಹೋಗುವ ನರ್ಸುಗಳನ್ನೆಲ್ಲ "ಎಷ್ಟು ಹೊತ್ತಾಗುತ್ತೆ?" ಅಂತ ಕೇಳುತ್ತಿದ್ದರಂತೆ. ಅವರಿಗೆ ಗೊತ್ತಿಲ್ಲದ್ದಾ ಅದು? ಕೊನೆಗೆ ಅಕ್ಕನೇ, "ಏನೂ ಆಗಲ್ಲ, ಸುಮ್ಮನೆ ಕೂತ್ಕೊಳ್ಳಪ್ಪ," ಅಂದಳಂತೆ. ನರ್ಸ್ ಹೋಗಿ ಹೆಸರು ಕರೆದಾಗ ಅವರ ಮುಖದಲ್ಲಿ ರಕ್ತವೇ ಇರಲಿಲ್ಲವಂತೆ.

ಬಾಗಿಲು ತೆರೆಯಿತು. ನೆಲದ ಮೇಲೆ ಒಂದು ಕೆಂಪು ಗೆರೆ. ಹೊರಗಿನ ಚಪ್ಪಲಿ ದಾಟಬಾರದ್ದು. ದಿನಕ್ಕೆ ಹತ್ತು ಸಲ ದಾಟುವ ಮನುಷ್ಯ ಇವತ್ತು ಅದರ ಆಚೆ, ಹೆಬ್ಬೆರಳು ಗೆರೆಗೆ ತಾಗುವಷ್ಟು ಹತ್ತಿರ, ನಿಂತಿದ್ದರು. ಅವರ ಹಿಂದೆ ಕತ್ತು ಚಾಚಿಕೊಂಡು ಅಕ್ಕ.

"ಏನಾಯ್ತು? ಬಿಪಿ ಹೆಚ್ಚಾಯ್ತಾ?" ಅಂದರು.

"ಏನೂ ಆಗಿಲ್ಲ. ನಿಮ್ಮ ಪ್ರಶ್ನೆಗೆ ಉತ್ತರ ಕೊಡಬೇಕಿತ್ತು."

"ಈಗಲೇನಾ? ಆಮೇಲೆ..."

"ಆಮೇಲೆ ಅಲ್ಲ, ಈಗ." ಬೆನ್ನು ನೆಟ್ಟಗೆ ಮಾಡಿ ಕೂತೆ. ಬೆಳಕೆಲ್ಲ ನನ್ನ ಮೇಲಿತ್ತು. ಇರಲಿ ಬಿಡಿ ಅಂದುಕೊಂಡೆ. "ಸರಿಯಾಗಿ ನೋಡ್ಕೊಳ್ಳಿ. ಈ ಆಪರೇಷನ್ ಆದ್ಮೇಲೆ ನಾನು ಚಂದ ಆಗಿ ಹೊರಗೆ ಬರಲ್ಲ. ಒಂದು ಗಂಟೂ ಕಮ್ಮಿ ಆಗಲ್ಲ. ಹುಷಾರಾದ ಮೇಲೆ ಹೇಳೋ ಹೂಂ ನನ್ನ ಹತ್ರ ಇಲ್ಲ. ಇರೋದು ಈ ಮೈಯ ಹೂಂ, ಇವತ್ತಿಂದು. ಬೇಕಾದ್ರೆ ತಗೊಳ್ಳಿ."

"ಲೇ, ಎಲ್ಲರೂ ಇದಾರೆ ಕಣೇ," ಅಂದಳು ಅಕ್ಕ ಹಿಂದಿನಿಂದ.

"ಇರಲಿ ಅಕ್ಕಾ. ಸಾಕ್ಷಿ ಬೇಕಲ್ಲ."

ಅವರು ಗೆರೆ ದಾಟಲಿಲ್ಲ. ಆ ಕಡೆಯಿಂದಲೇ ನನ್ನನ್ನು ನೋಡಿದರು. ಹಣೆ, ಕತ್ತು, ಎರಡೂ ತೋಳು, ಬೆರಳ ತುದಿಯ ಕ್ಲಿಪ್ಪಿನವರೆಗೆ; ಎಲ್ಲೂ ಅವಸರ ಮಾಡದೆ, ಎಲ್ಲೂ ತಡವರಿಸದೆ. ಆಮೇಲೆ ಅವರ ನೋಟ ನನ್ನ ಕಣ್ಣಿಗೆ ಬಂದು ನಿಂತಿತು.

"ತಗೊಂಡೆ," ಅಂದರು.

ನನ್ನ ಪಕ್ಕದ ಯಂತ್ರ ಟಿಂಯ್ ಟಿಂಯ್ ಅಂತ ಓಡತೊಡಗಿತು. ಮೇಡಂ ಪರದೆ ನೋಡಿ, "ಎದೆಬಡಿತ ನೂರಿಪ್ಪತ್ತು," ಅಂತ ಓದಿದರು. "ಸಾಕು, ಬಾಗಿಲು ಹಾಕಿ. ಇನ್ನೂ ನಿಂತಿದ್ರೆ ಇವತ್ತು ಕೇಸ್ ಆಗಲ್ಲ."

ಬಾಗಿಲು ಮುಚ್ಚಿತು. ನರ್ಸ್ ಆ ಕಡೆ ತಿರುಗಿ ಕಣ್ಣು ಒರೆಸಿಕೊಳ್ಳುತ್ತಿದ್ದರು. ಮೇಡಂ ಮಾಸ್ಕ್ ಎತ್ತಿದರು.

"ಇನ್ನೇನಾದ್ರೂ ಹೇಳೋದಿದೆಯಾ?"

"ಇಲ್ಲ ಮೇಡಂ," ಅಂದೆ. "ನನ್ನದು ಮುಗೀತು. ಇನ್ನು ನಿಮ್ಮದು."